ಬಡ್ಜರಿಗಾರ್ ಎಂದರೆ ನಿಜಕ್ಕೂ ‘ತಿನ್ನಲು ಒಳ್ಳೆಯದು’ ಎಂದೇ?

ಬಡ್ಜರಿಗಾರ್ ಎಂಬ ಪುಟ್ಟ ಗಿಳಿಯ ಬಗ್ಗೆ ಓದಲು ಹೊರಟವರಿಗೆ ಬೇಗನೆ ಎದುರಾಗುವ ಮಾತೊಂದಿದೆ: ಆಸ್ಟ್ರೇಲಿಯಾದ ಮೂಲನಿವಾಸಿಗಳ ಭಾಷೆಯಲ್ಲಿ ಈ ಹೆಸರಿಗೆ ‘ತಿನ್ನಲು ಒಳ್ಳೆಯದು’ ಎಂಬ ಅರ್ಥವಂತೆ. ಮತ್ತೊಂದು ಕಡೆ ನೋಡಿದರೆ ‘ಒಳ್ಳೆಯ ಹಕ್ಕಿ’ ಎಂದಿರುತ್ತದೆ. ನಿಘಂಟು ತೆರೆದರೆ ‘ಒಳ್ಳೆಯ ಕಾಕಟೂ’ (ಕಾಕಟೂ ಎಂದರೆ ಗಿಳಿಯನ್ನು ಹೋಲುವ ಜುಟ್ಟಿನ ಹಕ್ಕಿ) ಎಂಬ ಮೂರನೆಯ ಅರ್ಥವೂ ಸಿಗಬಹುದು. ಮೂರರಲ್ಲೂ ‘ಒಳ್ಳೆಯ’ ಎಂಬುದು ಮಾತ್ರ ಸ್ಥಿರ, ಉಳಿದದ್ದು ಹೇಳುವವರಿಗೆ ತಕ್ಕಂತೆ ಬದಲಾಗುತ್ತದೆ. ಹೀಗೆ ಅರ್ಧ ನಿಂತು ಅರ್ಧ ಅಲ್ಲಾಡುವ ವಿವರಣೆ ಕಂಡಾಗ ಅನುಮಾನ ಬರಬೇಕಾದದ್ದು ನಿಂತಿರುವ ಅರ್ಧದ ಮೇಲೆ. ಆ ‘ಒಳ್ಳೆಯ’ ಎಲ್ಲಿಂದ ಬಂತು?

ಹಕ್ಕಿ ಯಾವುದು ಎಂಬುದನ್ನು ಮೊದಲು ಸ್ಪಷ್ಟ ಮಾಡಿಕೊಳ್ಳೋಣ. ಪಂಜರಗಳಲ್ಲಿ ಹಸಿರು, ಹಳದಿ, ನೀಲಿ, ಬಿಳಿ ಬಣ್ಣಗಳಲ್ಲಿ ಕಾಣುವ, ಅನೇಕರು ‘ಲವ್ ಬರ್ಡ್ಸ್’ ಎಂದು ಕರೆಯುವ, ಸಣ್ಣ ಬಾಗಿದ ಕೊಕ್ಕಿನ, ಉದ್ದ ಬಾಲದ ಗಿಳಿ ಇದು. ಮೂಲ ಆಸ್ಟ್ರೇಲಿಯಾದ ಒಳನಾಡಿನ ಒಣಭೂಮಿ. ಕಾಡಿನಲ್ಲಿರುವ ಹಕ್ಕಿ ಕೊಕ್ಕಿನಿಂದ ಬಾಲದ ತುದಿಯವರೆಗೆ ಸುಮಾರು 18 ಸೆಂಟಿಮೀಟರ್, ತೂಕ 30–40 ಗ್ರಾಂ. ಮೈ ಹಸಿರು, ಮುಖ ಹಳದಿ, ಕತ್ತಿನ ಹಿಂಭಾಗದಿಂದ ರೆಕ್ಕೆಯವರೆಗೆ ಕಪ್ಪು ಗೆರೆಗಳು. ಮಳೆ ಬಿದ್ದು ಹುಲ್ಲು ಕಾಳುಕಟ್ಟಿದ ಕಡೆಗೆ ದೊಡ್ಡ ಹಿಂಡುಗಳಲ್ಲಿ ಹಾರಿಹೋಗುವ ಅಲೆಮಾರಿ. ಈ ವಾಸಸ್ಥಳದ ವಿವರವನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

‘ಒಳ್ಳೆಯ’ ಎಂಬ ಅರ್ಥದ ಬೇರು ಸಿಡ್ನಿಯಲ್ಲಿದೆ. 1788ರಲ್ಲಿ ಬ್ರಿಟಿಷರು ಅಲ್ಲಿ ಬಂದಿಳಿದಾಗ ಆ ಕರಾವಳಿಯ ಜನರು ಆಡುತ್ತಿದ್ದ ಭಾಷೆಯನ್ನು ಈಗ ಧರುಗ್ ಎಂದು ಕರೆಯುತ್ತಾರೆ. ‘ಒಳ್ಳೆಯದು’ ಎನ್ನಲು ಆ ಭಾಷೆಯಲ್ಲಿ ‘ಬುಡ್ಯರಿ’ ಎಂಬಂಥ ಪದವಿತ್ತು. ವಲಸಿಗರು ಕಲಿತ ಮೊದಲ ಕೆಲವೇ ಪದಗಳಲ್ಲಿ ಅದೂ ಒಂದು. ಅವರ ಬಾಯಲ್ಲಿ ಅದು ‘ಬಡ್ಜರಿ’ ಆಯಿತು. ಬಿಳಿಯರೂ ಮೂಲನಿವಾಸಿಗಳೂ ಪರಸ್ಪರ ಮಾತಾಡಲು ಬಳಸುತ್ತಿದ್ದ ಬೆರಕೆ ಭಾಷೆಯ ಸಾಮಾನು ಆಯಿತು. ದನ ಕುರಿ ಹೊಡೆದುಕೊಂಡು ಹೊಸ ಹುಲ್ಲುಗಾವಲು ಹುಡುಕುತ್ತ ಒಳನಾಡಿಗೆ ಹೋದವರ ಜೊತೆ ತಾನೂ ಹೋಯಿತು. ಅಂದರೆ ಬಡ್ಜರಿ ಎಂಬ ಪದ ಇದ್ದದ್ದು ಸುಳ್ಳಲ್ಲ, ಅದರ ಅರ್ಥವೂ ಸುಳ್ಳಲ್ಲ. ಪ್ರಶ್ನೆ ಇರುವುದು, ಹಕ್ಕಿಯ ಹೆಸರಿನೊಳಗೆ ಇರುವುದು ಆ ಪದವೇ ಎಂಬುದರಲ್ಲಿ.

ಇಲ್ಲಿ ನಕ್ಷೆ ಅಡ್ಡ ಬರುತ್ತದೆ. ಈ ಗಿಳಿ ಸಿಡ್ನಿಯ ಒದ್ದೆ ಕರಾವಳಿಯ ಹಕ್ಕಿಯಲ್ಲ. ಅದರ ಹೆಸರು ಇಂಗ್ಲಿಷಿನಲ್ಲಿ ದಾಖಲಾದದ್ದೂ ಸಿಡ್ನಿಯಲ್ಲಲ್ಲ. ಅಲ್ಲಿಂದ ಸುಮಾರು 300 ಕಿಲೋಮೀಟರ್ ದೂರದ, ಗ್ರೇಟ್ ಡಿವೈಡಿಂಗ್ ಪರ್ವತಸಾಲಿನ ಆಚೆಗಿನ ಲಿವರ್‌ಪೂಲ್ ಬಯಲಿನಲ್ಲಿ. ಆ ಬಯಲು ಗಮಿಲರಾಯ್ ಜನರ ನೆಲ. ಅವರ ಭಾಷೆ ಬೇರೆ, ಪದಗಳು ಬೇರೆ. ಗಮಿಲರಾಯ್‌ನಲ್ಲಿ ‘ಒಳ್ಳೆಯದು’ ಎನ್ನಲು ‘ಗಬಾ’, ‘ಹಕ್ಕಿ’ ಎನ್ನಲು ‘ದಿಗರಾ’. ಇವೆರಡನ್ನು ಹೇಗೆ ಜೋಡಿಸಿದರೂ ಬಡ್ಜರಿಗಾರ್ ಹುಟ್ಟುವುದಿಲ್ಲ. ‘ಆಸ್ಟ್ರೇಲಿಯಾದ ಮೂಲನಿವಾಸಿಗಳ ಭಾಷೆಯಲ್ಲಿ’ ಎಂಬ ಮಾತೇ ಇಲ್ಲಿ ದಾರಿ ತಪ್ಪಿಸುವುದು. ಬ್ರಿಟಿಷರು ಬಂದಾಗ ಆ ಖಂಡದಲ್ಲಿ ಇದ್ದದ್ದು ಒಂದು ಭಾಷೆಯಲ್ಲ, 250ಕ್ಕೂ ಹೆಚ್ಚು. ಅವುಗಳಲ್ಲಿ ಯಾವುದು ಎಂದು ಹೇಳದ ವಿವರಣೆಯನ್ನು ಪರೀಕ್ಷಿಸುವುದಕ್ಕೇ ಆಗುವುದಿಲ್ಲ. ಬಹುಶಃ ಅದಕ್ಕೇ ಅದು ಇಷ್ಟು ಕಾಲ ಬಾಳಿದೆ.

ಗಮಿಲರಾಯ್ ಮತ್ತು ಅದಕ್ಕೆ ಹತ್ತಿರದ ಯುವಾಲರಾಯ್ ಭಾಷೆಗಳಲ್ಲಿ ಈ ಗಿಳಿಗೆ ಇರುವ ಹೆಸರು ‘ಗಿಜಿರ್ರಿಗಾ’. ಗಿಜಿರ್ರಿಗಾ, ಬಡ್ಜರಿಗಾರ್: ಎರಡನ್ನೂ ಒಮ್ಮೆ ಗಟ್ಟಿಯಾಗಿ ಹೇಳಿ ನೋಡಿ. ಮೊದಲ ಅಕ್ಷರ ಬಿಟ್ಟರೆ ಉಳಿದ ವ್ಯಂಜನಗಳೆಲ್ಲ ಅದೇ ಸರದಿಯಲ್ಲಿ ಸಾಲಾಗಿ ನಿಂತಿವೆ: ಜ, ರ, ಗ. ಕೊನೆಯಲ್ಲಿ ಉಳಿಯುವ ‘ರ್’ ಎಲ್ಲಿಂದ ಬಂತು ಎಂದು ಕೇಳುವಿರಾದರೆ, ಅದು ನಮ್ಮ ಕಿವಿಯ ತೊಂದರೆಯೂ ಅಲ್ಲ, ಗಿಳಿಯದ್ದೂ ಅಲ್ಲ, ಇಂಗ್ಲಿಷ್ ಕಾಗುಣಿತದ್ದು. ದಕ್ಷಿಣ ಇಂಗ್ಲೆಂಡಿನವರೂ ಆಸ್ಟ್ರೇಲಿಯಾದವರೂ ಪದದ ಕೊನೆಯ ‘ಆರ್’ ಅಕ್ಷರವನ್ನು ಉಚ್ಚರಿಸುವುದಿಲ್ಲ. ಅವರು ‘ಗಾರ್’ ಎಂದು ಬರೆದರೂ ಬಾಯಲ್ಲಿ ಬರುವುದು ‘ಗಾ’. ಕನ್ನಡದಲ್ಲಿ ನಾವು ಬರೆದಂತೆ ಓದುವ ಅಭ್ಯಾಸದಿಂದ ಅಲ್ಲಿ ರಕಾರವನ್ನು ಕೂರಿಸಿದ್ದೇವೆ ಅಷ್ಟೆ.

ಅದೇ ಭಾಷೆಗಳಿಂದ ಇಂಗ್ಲಿಷಿಗೆ ಹೋದ ಇನ್ನೆರಡು ಪದ ನೋಡಿದರೆ ಇದು ಖಚಿತವಾಗುತ್ತದೆ. ಗುಲಾಬಿ ಎದೆಯ, ಬೂದು ರೆಕ್ಕೆಯ ಕಾಕಟೂವಿನ ಹೆಸರು ‘ಗಿಲಾ’. ಇಂಗ್ಲಿಷಿನಲ್ಲಿ ಅದು ‘ಗಲಾ’ ಆಯಿತು, ಕೊನೆಗೊಂದು ‘ಎಚ್’ ಹಚ್ಚಿ ಬರೆದರು. ನದಿದಂಡೆಗಳಲ್ಲಿ ಬೆಳೆಯುವ ಒಂದು ಜಾತಿಯ ನೀಲಗಿರಿ ಮರ ‘ಗುಲಬಾ’. ಅದು ‘ಕೂಲಿಬಾ’ ಆಯಿತು, ಅಲ್ಲೂ ಕೊನೆಗೆ ‘ಎಚ್’. ದೀರ್ಘ ಆಕಾರವನ್ನು ಬರೆಯಲು ಇಂಗ್ಲಿಷರ ಬಳಿ ನೆಟ್ಟಗಿನ ದಾರಿ ಇಲ್ಲ. ಒಬ್ಬ ‘ಎಚ್’ ಹಾಕಿದ, ಇನ್ನೊಬ್ಬ ‘ಆರ್’ ಹಾಕಿದ. ಹಾಗಾಗಿ ‘ಗಾರ್ ಎಂದರೆ ಕಾಕಟೂ’ ಎಂಬ ನಿಘಂಟಿನ ಬಿಡಿಸುವಿಕೆ ನನಗೆ ಸ್ವಲ್ಪವೂ ಒಪ್ಪಿಗೆಯಾಗುವುದಿಲ್ಲ. ಅದರ ಮೇಲೆ, ಬಡ್ಜರಿಗಾರ್ ಕಾಕಟೂವೂ ಅಲ್ಲ. ಕಾಕಟೂಗಳು ತಲೆಯ ಮೇಲೆ ಎದ್ದು ನಿಲ್ಲುವ ಜುಟ್ಟಿನ, ಬೇರೆಯೇ ಕುಟುಂಬದ ಹಕ್ಕಿಗಳು. ಅಂಗೈಯಲ್ಲಿ ಹಿಡಿಸುವ ಈ ಹಸಿರು ಗಿಳಿಯನ್ನು ದಿನವೂ ನೋಡುವ ಜನ ಅದನ್ನು ಕಾಕಟೂ ಎನ್ನುವುದು ಸಾಧ್ಯವೇ?

ಇನ್ನು ಮೊದಲ ಅಕ್ಷರ. ಗಿಜಿರ್ರಿಗಾ ವಾದದ ದುರ್ಬಲ ಜಾಗ ಇದೇ. ಗಕಾರ ಬಕಾರವಾಗಿದ್ದು ಹೇಗೆ? ಇದಕ್ಕೆ ಹಳೆಯ ಕಾಗುಣಿತಗಳೇ ಸುಳಿವು ಕೊಡುತ್ತವೆ.

ಇಂಗ್ಲಿಷ್ ಪಕ್ಷಿತಜ್ಞ ಜಾನ್ ಗೌಲ್ಡ್ 1838ರಿಂದ 1840ರವರೆಗೆ ಆಸ್ಟ್ರೇಲಿಯಾದಲ್ಲಿದ್ದ. ಅವನ ಹೆಂಡತಿ ಎಲಿಜಬೆತ್‌ಳ ಅಣ್ಣತಮ್ಮಂದಿರಾದ ಕಾಕ್ಸೆನ್ ಸಹೋದರರು ಆಗಲೇ ಅಲ್ಲಿ ನೆಲೆಸಿದ್ದರು. ಲಿವರ್‌ಪೂಲ್ ಬಯಲಿನ ಉತ್ತರಕ್ಕೆ ನದಿದಂಡೆಯ ದೊಡ್ಡ ನೀಲಗಿರಿ ಮರಗಳ ಪೊಟರೆಗಳಲ್ಲಿ ಈ ಗಿಳಿಗಳು ರಾಶಿ ರಾಶಿಯಾಗಿ ಗೂಡು ಮಾಡಿದ್ದನ್ನು ಅವನು ಕಂಡ. 1840ರಲ್ಲಿ ಇಂಗ್ಲೆಂಡಿಗೆ ಮರಳುವಾಗ ಜೀವಂತ ಹಕ್ಕಿಗಳನ್ನೂ ಜೊತೆಗೆ ಒಯ್ದ. ಯುರೋಪಿನ ಮನೆಗಳಲ್ಲಿ ಬಡ್ಜರಿಗಾರ್ ಸಾಕುವ ಹುಚ್ಚು ಆಮೇಲೆ ಹಬ್ಬಿದ್ದು. ಲಿವರ್‌ಪೂಲ್ ಬಯಲಿನ ಜನ ಹಕ್ಕಿಯನ್ನು ಕರೆಯುವ ಹೆಸರೆಂದು ಗೌಲ್ಡ್ ಬರೆದುಕೊಂಡದ್ದು ‘ಬೆಚೆರಿಗಾ’. ಏಳು ವರ್ಷದ ನಂತರ, 1847ರಲ್ಲಿ ಅಚ್ಚಾದ ತನ್ನ ಪ್ರಯಾಣದ ದಿನಚರಿಯಲ್ಲಿ ಜರ್ಮನ್ ಮೂಲದ ಅನ್ವೇಷಕ ಲುಡ್ವಿಗ್ ಲೈಕ್‌ಹಾರ್ಟ್ ಬರೆದದ್ದು ‘ಬೆಟ್‌ಶಿರೆಗಾ’. ‘ಬಡ್ಜರಿ’ ಎಂದು ಶುರುವಾಗುವ ಕಾಗುಣಿತಗಳು ನೆಲೆಯೂರಿದ್ದು ಇವುಗಳ ನಂತರ.

ಈ ಕ್ರಮದಲ್ಲೇ ಉತ್ತರವಿದೆ ಎಂದು ನನಗನ್ನಿಸುತ್ತದೆ. ಹೆಸರು ನಿಜಕ್ಕೂ ‘ಬಡ್ಜರಿ’ ಎಂಬ ಪದದಿಂದ ಕಟ್ಟಿದ್ದಾಗಿದ್ದರೆ ಅತ್ಯಂತ ಹಳೆಯ ದಾಖಲೆಯಲ್ಲಿ ಅದು ಅತ್ಯಂತ ಸ್ಪಷ್ಟವಾಗಿ ಕಾಣಬೇಕಿತ್ತು. ಬಡ್ಜರಿ ಎಂಬುದು ಆಗ ವಲಸಿಗರೆಲ್ಲರಿಗೂ ಗೊತ್ತಿದ್ದ ಪದ, ಬರೆಯುವಾಗ ತಪ್ಪುವ ಸಂಭವ ಕಡಿಮೆ. ಆದರೆ ಆಗಿರುವುದು ತಿರುವುಮುರುವು. ಹಿಂದಕ್ಕೆ ಹೋದಷ್ಟೂ ಹೆಸರು ಬಡ್ಜರಿಯಿಂದ ದೂರ ಸರಿಯುತ್ತದೆ, ಈಚೆಗೆ ಬಂದಷ್ಟೂ ಹತ್ತಿರವಾಗುತ್ತದೆ. ಪರಿಚಯವಿಲ್ಲದ ಪದವೊಂದು ಪರಿಚಿತ ಪದದ ಕಡೆಗೆ ಸ್ವಲ್ಪ ಸ್ವಲ್ಪವೇ ವಾಲಿಕೊಂಡಿದೆ. ಮೊದಲು ಗಕಾರದ ಜಾಗದಲ್ಲಿ ಬಕಾರ ಕೂತಿತು, ಆಮೇಲೆ ಸ್ವರವೂ ಬದಲಾಯಿತು. ಭಾಷಾವಿಜ್ಞಾನದಲ್ಲಿ ಇದಕ್ಕೆ ಜಾನಪದ ನಿರುಕ್ತಿ ಎನ್ನುತ್ತಾರೆ: ಜನ ತಮಗೆ ಅರ್ಥವಾಗದ ಪದದೊಳಗೆ ಅರ್ಥವಾಗುವ ಪದವೊಂದನ್ನು ಕೇಳಿಸಿಕೊಳ್ಳುತ್ತಾರೆ, ಕ್ರಮೇಣ ಪದವೇ ಆ ಕೇಳಿಕೆಗೆ ತಕ್ಕಂತೆ ಮಾರ್ಪಡುತ್ತದೆ. ಹಾಗಾಗಿ ಸಿಡ್ನಿಯ ಬಡ್ಜರಿಗೂ ಈ ಹೆಸರಿಗೂ ಸಂಬಂಧವೇ ಇಲ್ಲ ಎನ್ನುವಂತಿಲ್ಲ. ಅದು ಹೆಸರಿನ ತಾಯಿಯಲ್ಲ, ಆದರೆ ಅದನ್ನು ತಿದ್ದಿದ ಕೈ ಅದರದ್ದೇ ಇರಬೇಕು. ಆಸ್ಟ್ರೇಲಿಯಾದ ನಿಘಂಟುಕಾರರು ಗಿಜಿರ್ರಿಗಾವನ್ನು ಮೂಲವೆಂದು ಒಪ್ಪಿ, ಬಡ್ಜರಿಯ ಪ್ರಭಾವವನ್ನು ‘ಇರಬಹುದು’ ಎಂಬ ಎಚ್ಚರಿಕೆಯ ಮಾತಿನೊಂದಿಗೆ ಸೇರಿಸುತ್ತಾರೆ. ಈ ಎಚ್ಚರಿಕೆ ಸರಿಯಾದದ್ದೇ.

ಆದರೂ ‘ತಿನ್ನಲು ಒಳ್ಳೆಯದು’ ಎಂಬ ಕಥೆಯನ್ನು ಪೂರ್ತಿ ಗಾಳಿಮಾತು ಎಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಪೊಟರೆಗಳಿಂದ ತೆಗೆದ ಬಡ್ಜರಿಗಾರ್ ಮರಿಗಳು ಒಳನಾಡಿನ ಜನರಿಗೆ ಆಹಾರವಾಗಿದ್ದುದು ನಿಜ. ಅದಕ್ಕಿಂತ ಕುತೂಹಲದ ವಿಷಯ ಇನ್ನೊಂದಿದೆ. ಆಸ್ಟ್ರೇಲಿಯಾದ ಅನೇಕ ಭಾಷೆಗಳಲ್ಲಿ ‘ಪ್ರಾಣಿ’ ಎಂಬುದಕ್ಕೆ ಹತ್ತಿರದ ಪದ ‘ತಿನ್ನಬಹುದಾದ ಪ್ರಾಣಿ, ಮಾಂಸ’ ಎಂಬ ಅರ್ಥವನ್ನೂ ಹೊತ್ತಿರುತ್ತದೆ. ವಾರ್ಲ್ಪಿರಿ ಭಾಷೆಯಲ್ಲಿ ಅದು ‘ಕುಯು’, ಪಿಚಂಚಾಚರ ಭಾಷೆಯಲ್ಲಿ ‘ಕುಕ’. ಬೆರಳು ತೋರಿಸಿ ‘ಅದೇನು?’ ಎಂದು ಕೇಳಿದವನಿಗೆ ಜಾತಿಯ ಹೆಸರಿನ ಬದಲು ಈ ವರ್ಗದ ಹೆಸರು ಉತ್ತರವಾಗಿ ಸಿಗುವುದು ಸಹಜ.

ಕಾಂಗರೂ ಎಂಬ ಹೆಸರಿಗೆ ಆದದ್ದೇ ಇದು. 1770ರಲ್ಲಿ ಜೇಮ್ಸ್ ಕುಕ್‌ನ ಹಡಗಿನವರು ಆಸ್ಟ್ರೇಲಿಯಾದ ಈಶಾನ್ಯ ತೀರದಲ್ಲಿ ಗೂಗು ಯಿಮಿದಿರ್ ಭಾಷೆಯವರಿಂದ ಆ ಪದ ಬರೆದುಕೊಂಡರು. 1820ರಲ್ಲಿ ಅದೇ ಜಾಗಕ್ಕೆ ಹೋದ ಫಿಲಿಪ್ ಪಾರ್ಕರ್ ಕಿಂಗ್‌ಗೆ ಅದೇ ಪ್ರಾಣಿಗೆ ಬೇರೆಯೇ ಪದ ಸಿಕ್ಕಿತು. ಕುಕ್ ಬರೆದದ್ದು ತಪ್ಪಿರಬೇಕು ಎಂಬ ಅನುಮಾನ ಹುಟ್ಟಿತು. ಕಾಂಗರೂ ಎಂದರೆ ಅಲ್ಲಿಯವರ ಮಾತಿನಲ್ಲಿ ‘ನನಗೆ ಗೊತ್ತಿಲ್ಲ’ ಎಂಬರ್ಥ ಎನ್ನುವ ಕಥೆ ಲೋಕವೆಲ್ಲ ಸುತ್ತಿತು. 1970ರ ದಶಕದಲ್ಲಿ ಭಾಷಾವಿಜ್ಞಾನಿ ಜಾನ್ ಹ್ಯಾವಿಲ್ಯಾಂಡ್ ಆ ಜನರ ನಡುವೆ ಇದ್ದು ಭಾಷೆ ಕಲಿತ ಮೇಲೆ ಗಂಟು ಬಿಡಿಸಿತು. ‘ಗಂಗುರ್ರು’ ಎಂಬುದು ಒಂದು ನಿರ್ದಿಷ್ಟ ಜಾತಿಯ ದೊಡ್ಡ ಕಾಂಗರೂವಿನ ಹೆಸರೇ. ಕಿಂಗ್‌ಗೆ ಸಿಕ್ಕಿದ್ದು ‘ಮಿನ್ಹ’, ಅಂದರೆ ತಿನ್ನಬಹುದಾದ ಪ್ರಾಣಿ. ಇಬ್ಬರಿಗೂ ಸಿಕ್ಕ ಉತ್ತರ ಸರಿಯೇ. ಗಿಜಿರ್ರಿಗಾ ಬಗ್ಗೆ ಕೇಳಿದವರಿಗೂ ಯಾರೋ ‘ಒಳ್ಳೆಯ ಆಹಾರ’ ಎಂದು ಹೇಳಿರಲಿಕ್ಕೆ ಸಾಕು. ಅದು ಹಕ್ಕಿಯ ಬಗ್ಗೆ ಹೇಳಿದ ಮಾತೇ ಹೊರತು ಹೆಸರನ್ನು ಬಿಡಿಸಿ ಕೊಟ್ಟ ಅರ್ಥವಲ್ಲ. ಹೆಸರಿಗೆಲ್ಲ ಒಳಗೊಂದು ಅರ್ಥ ಇರಲೇಬೇಕು ಎಂಬ ನಿರೀಕ್ಷೆ ಕೇಳುವವರದ್ದು. ಕಾಗೆ, ಗೂಬೆ ಎನ್ನುವಾಗ ನಾವು ಯಾರೂ ಪದ ಬಿಡಿಸಿ ನೋಡುವುದಿಲ್ಲವಲ್ಲ.

ಹಕ್ಕಿಗೆ ಇದೊಂದೇ ಹೆಸರಲ್ಲ. ಉಳಿದವು ಹೆಚ್ಚಿನಂಶ ಕಣ್ಣಿಗೆ ಕಂಡದ್ದರಿಂದ ಹುಟ್ಟಿದವು, ಅವುಗಳ ಜಗಳ ಕಡಿಮೆ. 1805ರಲ್ಲಿ ಜಾರ್ಜ್ ಶಾ ಇದನ್ನು ಮೊದಲು ವಿಜ್ಞಾನಕ್ಕೆ ಪರಿಚಯಿಸಿದಾಗ ಕತ್ತು ಮತ್ತು ಬೆನ್ನಿನ ಗೆರೆಗಳನ್ನು ನೋಡಿ ‘ಉಂಡುಲಾಟಸ್’ ಎಂದು ಹೆಸರಿಟ್ಟ: ಲ್ಯಾಟಿನ್‌ನಲ್ಲಿ ‘ಅಲೆಅಲೆಯಾದ’. ಜರ್ಮನರು ಅದನ್ನೇ ತೆಗೆದುಕೊಂಡು ‘ವೆಲ್ಲೆನ್‌ಝಿಟಿಷ್’ ಎಂದರು, ಅಲೆಗಿಳಿ. ಫ್ರೆಂಚರೂ ಅಲೆಯನ್ನೇ ಹಿಡಿದರು. ಆಸ್ಟ್ರೇಲಿಯಾದ ವಲಸಿಗರು ಅದೇ ಗೆರೆಗಳಲ್ಲಿ ಚಿಪ್ಪಿನ ಅಂಚು ಕಂಡು ಚಿಪ್ಪುಗಿಳಿ ಎಂದರು. ಕೆಲವರು ಜೀಬ್ರಾಗಿಳಿ ಎಂದದ್ದೂ ಉಂಟು. ಚೀನೀ ಭಾಷೆಯಲ್ಲಿ ಅದು ಹುಲಿಚರ್ಮದ ಗಿಳಿ. ಅವೇ ನಾಲ್ಕು ಕಪ್ಪು ಗೆರೆ. ಒಬ್ಬರಿಗೆ ನೀರು, ಒಬ್ಬರಿಗೆ ಚಿಪ್ಪು, ಒಬ್ಬರಿಗೆ ಹುಲಿ. ಜಪಾನೀಯರು ಮಾತ್ರ ಗೆರೆ ಬಿಟ್ಟು ಬಣ್ಣ ನೋಡಿದರು: ‘ಸೆಕಿಸೆಯ್ ಇಂಕೊ’ ಎಂಬ ಹೆಸರನ್ನು ಬರೆಯುವ ಚಿತ್ರಾಕ್ಷರಗಳಲ್ಲಿ ಬೆನ್ನು, ಹಳದಿ, ಹಸಿರುನೀಲಿ ಎಂಬ ಮೂರು ಅಂಶಗಳಿವೆ. 19ನೇ ಶತಮಾನದ ಕೊನೆಯ ಹೊತ್ತಿಗೆ ಸಾಕಣೆಗಾರರು ಹಳದಿ, ನೀಲಿ ತಳಿಗಳನ್ನು ಬೆಳೆಸತೊಡಗಿದರು, ಆಮೇಲೆ ಗೆರೆಯೇ ಇಲ್ಲದ ಅಚ್ಚಬಿಳಿಯೂ ಬಂತು. ಆ ಬಿಳಿ ಹಕ್ಕಿಯನ್ನೂ ಚೀನಾದಲ್ಲಿ ಹುಲಿಚರ್ಮದ ಗಿಳಿ ಎಂದೇ ಕರೆಯಬೇಕಾಗುತ್ತದೆ.

ಗೌಲ್ಡ್‌ಗೆ ಹಿಡಿಸಿದ್ದು ದನಿ. 1840ರಲ್ಲಿ ಅವನು ಈ ಹಕ್ಕಿಗೆಂದೇ ಹೊಸ ಕುಲವೊಂದನ್ನು ಕಟ್ಟಿ ‘ಮೆಲೊಸಿಟಾಕಸ್’ ಎಂದ. ಗ್ರೀಕಿನಲ್ಲಿ ‘ಮೆಲೊಸ್’ ಎಂದರೆ ಹಾಡು, ‘ಸಿಟಾಕೊಸ್’ ಎಂದರೆ ಗಿಳಿ. ಗಿಳಿಗಳ ಕರ್ಕಶ ಕಿರುಚಾಟ ಕೇಳಿದವರಿಗೆ ಇದರ ಗುನುಗು ಹಾಡಿನಂತೆಯೇ ಕೇಳಿಸುತ್ತದೆ, ಅದರಲ್ಲಿ ಅತಿಶಯೋಕ್ತಿ ಏನಿಲ್ಲ. ಸಿಟಾಕೊಸ್ ಎಂಬ ಪದಕ್ಕೂ ಒಂದು ಪ್ರಯಾಣದ ಕಥೆಯಿದೆ. ಕ್ರಿಸ್ತಪೂರ್ವ 400ರ ಆಸುಪಾಸಿನಲ್ಲಿ ಪರ್ಷಿಯಾದ ಆಸ್ಥಾನದಲ್ಲಿ ವೈದ್ಯನಾಗಿದ್ದ ಕ್ಟೇಸಿಯಸ್ ಎಂಬ ಗ್ರೀಕ, ಭಾರತದಲ್ಲಿ ‘ಬಿಟಾಕೊಸ್’ ಎಂಬ ಹಕ್ಕಿಯಿದೆ, ಅದು ಮನುಷ್ಯರಂತೆ ಭಾರತೀಯರ ಮಾತಾಡುತ್ತದೆ, ಕಲಿಸಿದರೆ ಗ್ರೀಕನ್ನೂ ಆಡುತ್ತದೆ ಎಂದು ಬರೆದ. ಆ ಪದ ಮೂಲತಃ ಗ್ರೀಕಿನದ್ದಲ್ಲ, ಪೂರ್ವದಿಂದ ಬಂದದ್ದು ಎಂಬುದು ಹೆಚ್ಚಿನ ವಿದ್ವಾಂಸರ ಅಭಿಪ್ರಾಯ.

ಇನ್ನು ಕೆಲವು ಹೆಸರುಗಳು ಹಕ್ಕಿಯ ನೆಂಟಸ್ತನವನ್ನು ತಪ್ಪಾಗಿ ಹೇಳುತ್ತವೆ. ‘ಲವ್ ಬರ್ಡ್’ ಎಂಬುದು ನ್ಯಾಯವಾಗಿ ಆಫ್ರಿಕಾ ಮತ್ತು ಮಡಗಾಸ್ಕರ್‌ನ ಒಂಬತ್ತು ಜಾತಿಯ ಮೋಟುಬಾಲದ ಗಿಳಿಗಳ ಹೆಸರು. ಬಡ್ಜರಿಗಾರ್‌ಗಳೂ ಜೋಡಿಯಾಗಿ ಅಂಟಿಕೊಂಡು ಕೂತು ಒಂದರ ಗರಿಯನ್ನು ಇನ್ನೊಂದು ನೇವರಿಸುವುದರಿಂದ ಹೆಸರು ಇತ್ತ ಜಾರಿದೆ. ಗುರುತಿಸುವುದು ಸುಲಭ: ಬಾಲ ನೋಡಿ. ಅಮೆರಿಕದಲ್ಲಿ ಇದನ್ನು ಬರೀ ‘ಪ್ಯಾರಕೀಟ್’ ಎನ್ನುತ್ತಾರೆ, ಆದರೆ ಪ್ಯಾರಕೀಟ್ ಎಂಬುದು ಉದ್ದ ಬಾಲದ ಯಾವುದೇ ಸಣ್ಣ ಗಿಳಿಗೆ ಸಲ್ಲುವ ಸಡಿಲ ಪದ. ಡಚ್ಚರು ಹುಲ್ಲುಗಿಳಿ ಎನ್ನುತ್ತಾರೆ. ತಿನ್ನುವುದು ಹುಲ್ಲಿನ ಕಾಳು ಎಂಬಷ್ಟರ ಮಟ್ಟಿಗೆ ಅದು ಸರಿ. ಆಸ್ಟ್ರೇಲಿಯಾದ ಉಳಿದ ಹುಲ್ಲುಗಿಳಿಗಳಿಗೆ ಇದು ದಾಯಾದಿ ಎಂದು ಬಹುಕಾಲ ನಂಬಿದ್ದೂ ಇತ್ತು. ಡಿಎನ್‌ಎ ಪರೀಕ್ಷೆ ಆ ನಂಬಿಕೆಯನ್ನು ಬುಡಮೇಲು ಮಾಡಿದೆ. ಇದರ ಹತ್ತಿರದ ಬಂಧುಗಳು ಹೂವಿನ ಮಕರಂದ ಹೀರುವ ಲೋರಿಗಳು ಮತ್ತು ಅತ್ತಿಹಣ್ಣಿನ ಗಿಳಿಗಳು.

ಒಳನಾಡಿನಲ್ಲಿ ಹಕ್ಕಿಗೆ ಇಂದಿಗೂ ಬೇರೆ ಬೇರೆ ಹೆಸರುಗಳು ಬಳಕೆಯಲ್ಲಿವೆ. ವಾರ್ಲ್ಪಿರಿ ಜನರಿಗೆ ಅದು ‘ಙತಿಜಿರ್ರಿ’. ಯುಎಂಡುಮು ಊರಿನ ಚಿತ್ರಕಾರರು ಬಿಡಿಸುವ ಪೂರ್ವಜರ ಕಥೆಗಳಲ್ಲಿ ಅದಕ್ಕೊಂದು ಜಾಗವಿದೆ. ಪಿಚಂಚಾಚರ ಮಾತಿನಲ್ಲಿ ‘ಕೀಲ್‌ಕೀಲ್‌ಕರಿ’. ಹಿಂಡು ಹಾರುವಾಗಿನ ಸದ್ದು ಕೇಳಿದವರಿಗೆ ಈ ಹೆಸರು ಎಲ್ಲಿಂದ ಬಂದಿರಬಹುದು ಎಂದು ವಿವರಿಸಬೇಕಾಗಿಲ್ಲ. ಇವು ಯಾವುವೂ ಇಂಗ್ಲಿಷಿಗೆ ಹೋಗಲಿಲ್ಲ. ಗೌಲ್ಡ್ ಹೋದದ್ದು ಲಿವರ್‌ಪೂಲ್ ಬಯಲಿಗೆ, ಹಾಗಾಗಿ ಗಮಿಲರಾಯ್ ಪದ ಲೋಕಕ್ಕೆಲ್ಲ ಹಂಚಿಹೋಯಿತು.

ಹಂಚಿಹೋದ ಮೇಲೂ ಅದು ಸುಮ್ಮನೆ ಉಳಿಯಲಿಲ್ಲ. ನಾಲ್ಕು ಉಚ್ಚಾರಾಂಶ ಉದ್ದವಾಯಿತೆಂದು 20ನೇ ಶತಮಾನದಲ್ಲಿ ಜನ ಅದನ್ನು ‘ಬಡ್ಜಿ’ ಎಂದು ಕತ್ತರಿಸಿದರು. ಆಸ್ಟ್ರೇಲಿಯಾದ ಆಡುಮಾತಿನಲ್ಲಿ ಗಂಡಸರ ಬಿಗಿಯಾದ ಈಜುಚಡ್ಡಿಗೆ ‘ಬಡ್ಜಿ ಸ್ಮಗ್ಲರ್ಸ್’, ಅಂದರೆ ಬಡ್ಜಿ ಕಳ್ಳಸಾಗಣೆದಾರರು, ಎಂಬ ತುಂಟ ಹೆಸರೂ ಹುಟ್ಟಿಕೊಂಡಿತು. ಈ ಕತ್ತರಿಸುವಿಕೆಯಲ್ಲಿ ಗಮಿಲರಾಯ್ ಮೂಲದಿಂದ ಕೆಡದೆ ಬಂದಿದ್ದ ‘ರಿಗಾ’ ಪೂರ್ತಿ ಬಿದ್ದುಹೋಗಿದೆ. ಉಳಿದುಕೊಂಡದ್ದು ವಲಸಿಗರ ಬಾಯಲ್ಲಿ ರೂಪ ಬದಲಿಸಿಕೊಂಡ ಮೊದಲಿನ ತುಂಡು.